ಕಥೆಯಿಂದ ನಡೆಯುವ ಯಂತ್ರ

ಒಂದು ಕಡೆ ಕಥೆ ಹೇಳಿದರೆ ಇನ್ನೊಂದು ಕಡೆ ಶಕ್ತಿ ಹೊರಡುವ ಯಂತ್ರವೊಂದನ್ನು ಕಲ್ಪಿಸಿಕೊಳ್ಳೋಣ. ಕಲಾ ವಿಭಾಗದವರಾದ ನಮಗೆ ಇದಕ್ಕಿಂತ ಪ್ರಿಯವಾದ ಯಂತ್ರ ಬೇರೆ ಇರಲಾರದು. ಆದರೆ ಲೆಕ್ಕ ಅನುಕೂಲವಾಗಿಲ್ಲ. ಸಾಮಾನ್ಯ ಮಾತಿನ ಧ್ವನಿಯಲ್ಲಿರುವುದು ಸುಮಾರಾಗಿ ಒಂದು ವ್ಯಾಟಿನ ಲಕ್ಷದಲ್ಲೊಂದು ಪಾಲು. 10 ವ್ಯಾಟಿನ ದೀಪ ಹೊತ್ತಿಸಲು 10 ಲಕ್ಷ ಮಂದಿ ಏಕಕಾಲಕ್ಕೆ ಕಥೆ ಹೇಳಬೇಕಾದೀತು, ಕೇಳುವವರಾರು?

ಹಾಗಾದರೆ ಕಥೆಗೂ ದುಡಿಮೆಗೂ ಸಂಬಂಧವೇ ಇಲ್ಲವೆ? ನಮ್ಮ ಬೀಸುವ ಕಲ್ಲನ್ನು ನೋಡಬೇಕು. ಕೋಳಿ ಕೂಗುವ ಹೊತ್ತಿಗೆ ಇಬ್ಬರು ಹೆಂಗಸರು ಎದುರುಬದುರು ಕುಳಿತು, ಒಂದೇ ಗೂಟ ಹಿಡಿದು ರಾಗಿಯನ್ನೋ ಜೋಳವನ್ನೋ ಬೀಸುತ್ತಿದ್ದರು. ಒಬ್ಬಳು ನೂಕುವಾಗ ಮತ್ತೊಬ್ಬಳು ಎಳೆಯಬೇಕು. ಕ್ಷಣ ತಪ್ಪಿದರೆ ಒಬ್ಬಳ ಬಲವನ್ನು ಇನ್ನೊಬ್ಬಳ ಬಲ ತಿಂದುಹಾಕುತ್ತದೆ. ಈ ಹೊಂದಿಕೆಯನ್ನು ಕಾಯುತ್ತಿದ್ದುದು ಪದದ ಲಯ. ತವರಿನ ಕಥೆ, ಅಣ್ಣತಮ್ಮಂದಿರ ಕಥೆ ತ್ರಿಪದಿ ತ್ರಿಪದಿಯಾಗಿ ಬೆಳೆದಂತೆ ಮೊರದ ಕಾಳು ಇಳಿಯುತ್ತಿತ್ತು. ಬಲವೇನೋ ಉಂಡ ಮುದ್ದೆಯದೇ; ಅದು ಪೋಲಾಗದಂತೆ ನೋಡಿಕೊಂಡದ್ದು ಪದ. ಹಲಸಂಗಿಯ ಗೆಳೆಯರು ಸಂಗ್ರಹಿಸಿ 1931ರಲ್ಲಿ ಹೊರತಂದ ‘ಗರತಿಯ ಹಾಡು’ ಇಂಥ ಬಾಳಿನ ನಡುವಿನಿಂದಲೇ ಬಂದುದು.

ಇದನ್ನು ಸುಖದ ಚಿತ್ರವೆಂದು ಬಣ್ಣಿಸುವವರನ್ನು ನಾನು ಒಪ್ಪಲಾರೆ. ಮೈಮುರಿಯುವ ಕೆಲಸವದು. ಊರಿಗೆ ಹಿಟ್ಟಿನ ಗಿರಣಿ ಬಂದಾಗ ನಮ್ಮಜ್ಜಿಗೆ ಬಲು ಸಂತೋಷವಾಯಿತಂತೆ. ಗಿರಣಿಗೆ ಕಥೆ ಬೇಡ. ಈಗ ಆ ಪದಗಳನ್ನು ಬರೆದುಕೊಳ್ಳಲು ಕುಳಿತರೆ, ಕೈಯಾಡದೆ ಸಾಲು ಬಾಯಿಗೆ ಬಾರದೆನ್ನುತ್ತಾಳೆ. ಬರಿಯ ನೆಲದ ಮೇಲೆ ಮುಷ್ಟಿಯನ್ನು ಸುತ್ತಿಸುತ್ತ, ಇಲ್ಲದ ಕಲ್ಲನ್ನು ಬೀಸುತ್ತ ಹೇಳುತ್ತಾಳೆ. ಇದುವರೆಗೆ 40 ಪದಗಳಾಗಿವೆ. ಉಳಿದುವನ್ನು ಬೇಸಗೆ ರಜದಲ್ಲಿ ಬರೆದುಕೊಳ್ಳಬೇಕು.