ಜಮ್ಮದ ಗದ್ದೆ, ಊಳಿಗದ ಲೆಕ್ಕ

ವಿರಾಜಪೇಟೆ

ಇತಿಹಾಸದ ಓದಿಗೆ ಹೊಸದಾಗಿ ಇಳಿದಿರುವ ಕಿರಿಯರಿಗೆ,

ಫ್ರಾನ್ಸಿನ ಇತಿಹಾಸಕಾರ ಮಾರ್ಕ್ ಬ್ಲಾಕ್ ಮಧ್ಯಯುಗದ ಊಳಿಗಮಾನ್ಯ ಸಮಾಜವನ್ನು ಕುರಿತು ಬರೆದ ಗ್ರಂಥ 1939–40ರಲ್ಲಿ ಎರಡು ಸಂಪುಟಗಳಾಗಿ ಬಂತು. ಜಮೀನಿಗಿಂತ ಮೊದಲು ಅದು ನೋಡಿದ್ದು ಮನುಷ್ಯರ ನಡುವಿನ ನಂಟನ್ನು. ಅಧೀನನಾಗುವವನು ಜೋಡಿಸಿದ ಕೈಗಳನ್ನು ಒಡೆಯನ ಕೈಯೊಳಗಿಟ್ಟು ಅವನ ಆಳಾಗುತ್ತಿದ್ದ. ಬದಲಿಗೆ ಅವನಿಗೆ ರಕ್ಷಣೆಯೂ ಹೆಚ್ಚಾಗಿ ಭೂಮಿಯೂ ಸಿಗುತ್ತಿತ್ತು. ನೆಂಟರಿಷ್ಟರ ಆಸರೆ ಸಾಲದ ಕಡೆ ಈ ನಂಟು ಬೆಳೆಯಿತು, ಕುಲದ ಕಟ್ಟು ಬಿಗಿಯಾಗಿದ್ದ ಫ್ರೀಸಿಯಾದಂಥ ಸೀಮೆಯಲ್ಲಿ ಬೇರೂರಲಿಲ್ಲ ಎಂಬುದು ಬ್ಲಾಕ್ ಅವರ ವಾದ. ಕೊಡಗಿನವರಿಗೆ ಕೆಲಸಕ್ಕೆ ಬರುವುದು ಈ ವಾದವೇ.

ಇಲ್ಲಿ ಕುಲದ ಕಟ್ಟು ಸಡಿಲವಾಗಿರಲಿಲ್ಲ, ಆದರೂ ಊಳಿಗಕ್ಕೆ ಕಟ್ಟುಬಿದ್ದ ಭೂಮಿ ಇತ್ತು: ಹುಟ್ಟಿನಿಂದ ಬರುವ ಹಿಡುವಳಿಯಾದ ಜಮ್ಮ. ಕೊಡವರಲ್ಲಿ ಜಮ್ಮ ಭೂಮಿ ಮನೆಯ ಹಿರಿಯನಾದ ಪಟ್ಟೆದಾರನ ಹೆಸರಲ್ಲಿದ್ದರೂ ಅನುಭವ ಇಡೀ ಒಕ್ಕದ್ದು, ಅಂದರೆ ಕೂಡು ಮನೆತನದ್ದು. ಬ್ರಿಟಿಷರ ಕಾಲದ ಲೆಕ್ಕದಲ್ಲಿ 100 ಭಟ್ಟಿ (ಗದ್ದೆಯ ಅಳತೆ) ಸಾಗು, ಅಂದರೆ ಪೂರ್ತಿ ಕಂದಾಯದ ಗದ್ದೆಗೆ 10 ರೂಪಾಯಿ ಕಂದಾಯ, ಜಮ್ಮಕ್ಕೆ 5. ಗದ್ದೆಗೆ ಸೇರಿದ ಬಾಣೆ ಎಂಬ ಕಾಡುಜಾಗದಲ್ಲಿ ಸೊಪ್ಪು, ಸೌದೆ, ಮೇವು ಪುಕ್ಕಟೆ. ಕಂದಾಯದ ಉಳಿದರ್ಧವನ್ನು ತೀರಿಸುತ್ತಿದ್ದುದು ದಂಡು, ಕಾವಲಿನ ಊಳಿಗ. 1792ರಲ್ಲಿ ವಿರಾಜಪೇಟೆ ಕಟ್ಟಿಸಿದ ಕೊಡಗಿನ ಅರಸ ದೊಡ್ಡವೀರರಾಜೇಂದ್ರ ಇಂಥ ಊಳಿಗವನ್ನು ನೆಚ್ಚಿಯೇ ಮೈಸೂರಿನ ಟಿಪ್ಪುವಿನ ಎದುರು ನಿಂತದ್ದು.

ಊಳಿಗಕ್ಕೆ ಕೊಟ್ಟ ಮಾನ್ಯ (ಕಂದಾಯ ಬಿಟ್ಟ ಜಮೀನು) ಎಂಬರ್ಥದ ‘ಊಳಿಗಮಾನ್ಯ’ ಯುರೋಪಿಗಿಂತ ಜಮ್ಮಕ್ಕೇ ಚೆನ್ನಾಗಿ ಒಪ್ಪುತ್ತದೆ. ಅರ್ಧಮಾನ್ಯ ಎಂದು ತಿದ್ದಿಕೊಂಡರೆ ಸಾಕು. ಹಾಗೆಂದು ಕೊಡಗನ್ನು ಪುಟ್ಟ ಫ್ರಾನ್ಸ್ ಮಾಡಿಬಿಡುವುದು ಅವಸರ. ಕೊಡಗನ್ನಾಳಿದ ಹಾಲೇರಿ ಅರಸರ ಕೊನೆಗಾಲದಲ್ಲಿ ನಾಡುಗಳನ್ನು ನೋಡಿಕೊಂಡವರು ಅರಮನೆಯ ಪಾರುಪತ್ತೆಗಾರರು, ಕೋಟೆ ಕಟ್ಟಿಕೊಂಡ ಸಾಮಂತರಲ್ಲ. ‘ಊಳಿಗಮಾನ್ಯ’ದ ಕಲ್ಪನೆಯನ್ನು ಯುರೋಪಿಗೇ ಅನ್ವಯಿಸುವುದನ್ನು ಇತಿಹಾಸಕಾರ್ತಿ ಸೂಸನ್ ರೆನಾಲ್ಡ್ಸ್ 1994ರಲ್ಲಿ ಪ್ರಶ್ನಿಸಿದರು. ಇತಿಹಾಸಕಾರ ಆರ್.ಎಸ್. ಶರ್ಮಾ 1965ರಲ್ಲಿ ಮಂಡಿಸಿದ ಭಾರತೀಯ ಊಳಿಗಮಾನ್ಯದ ವಾದಕ್ಕೆ ಹರ್ಬನ್ಸ್ ಮುಖಿಯಾ ತಕರಾರು ಎತ್ತಿದರು.

ಪದದ ವಾದ ಏನೇ ಇರಲಿ, ಒಡೆತನದ ನಿಜವಾದ ಭಾರ ಬಿದ್ದದ್ದು ಗದ್ದೆಗಿಳಿದವರ ಮೇಲೆ. ‘ಭೂಮಿ ಜಮ್ಮದ’ ಆಳು ನೆಲದೊಂದಿಗೆ ಕೈಬದಲಾಗುತ್ತಿದ್ದ; ‘ಒಕ್ಕಲು ಜಮ್ಮದ’ ಆಳು ಮನೆತನದ ಸೊತ್ತು. ಹುಟ್ಟಿನಿಂದ ಬಂದ ಹಕ್ಕಿಗೂ ಹುಟ್ಟಿನಿಂದ ಬಂದ ಜೀತಕ್ಕೂ ಜಮ್ಮ ಎಂಬುದೊಂದೇ ಮಾತು.

ಓದುವವರು ಮೊದಲು ‘ರಾಜೇಂದ್ರನಾಮೆ’ ಹಿಡಿಯಬಹುದು: 1633ರಿಂದ 1807ರವರೆಗಿನ ಕಥೆ, ಆದರೆ ದೊಡ್ಡವೀರರಾಜೇಂದ್ರನೇ ಬರೆಸಿದ್ದು. ಒಕ್ಕದ ಒಳಗನ್ನು ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಅವರ 1952ರ ಅಧ್ಯಯನ ತೋರುತ್ತದೆ. ಜಮ್ಮದ ಆಳಿನ ಸುದ್ದಿಗೆ ಹಳೆಯ ಕಂದಾಯ ಕಡತಗಳನ್ನೇ ಬಿಡಿಸಬೇಕು.

ಇತಿ,
ಊರಿನ ನಿವೃತ್ತ ಇತಿಹಾಸ ಮೇಷ್ಟ್ರು