ಅಂಗಡಿ ಮಳಿಗೆಗಳ ತೆರವು ವಿವಾದ: ರಾಜಿ, ಮಧ್ಯಸ್ಥಿಕೆ ಮತ್ತು ನ್ಯಾಯೋಚಿತ ವಿಚಾರಣೆ

ವ್ಯಾಪಾರಿಗೆ ಅಂಗಡಿಯೆಂದರೆ ಕೇವಲ ನಾಲ್ಕು ಗೋಡೆಗಳಲ್ಲ. ವರ್ಷಗಳಿಂದ ಗಳಿಸಿದ ಗಿರಾಕಿಗಳ ವಿಶ್ವಾಸ, ಉದ್ರಿ ಬಾಕಿ ಮತ್ತು ಪರವಾನಗಿಯ ವಿಳಾಸ ಎಲ್ಲವೂ ಆ ಸ್ಥಳಕ್ಕೇ ಅಂಟಿಕೊಂಡಿರುತ್ತವೆ. ಮಾಲೀಕರಿಗಾದರೋ ಅದೇ ಮಳಿಗೆ ಜೀವನಾಧಾರವಾಗಿರಬಹುದು. ಆದುದರಿಂದ ತೆರವಿನ ವಿವಾದದಲ್ಲಿ ಉಭಯತ್ರರಿಗೂ ನಷ್ಟದ ಸಂಭವವಿರುತ್ತದೆ. 'ಗೆದ್ದವನು ಸೋತ, ಸೋತವನು ಸತ್ತ' ಎಂಬ ಗಾದೆ ಇಂತಹ ದಾವೆಗಳಿಗೆ ಚೆನ್ನಾಗಿ ಒಪ್ಪುತ್ತದೆ.

ಯಾವ ಕಾನೂನು ಅನ್ವಯ?

ಕರ್ನಾಟಕ ಬಾಡಿಗೆ ಅಧಿನಿಯಮ, 1999 ದಿನಾಂಕ 31-12-2001ರಿಂದ ಜಾರಿಗೆ ಬಂದಿದೆ. ಇದು ಅನುಸೂಚಿಯಲ್ಲಿ ಹೇಳಿದ ಪ್ರದೇಶಗಳಿಗೆ ಮಾತ್ರ ಅನ್ವಯಿಸುತ್ತದೆ. ವಾಣಿಜ್ಯ ಮಳಿಗೆಯಾದಲ್ಲಿ ತಳಪಾಯದ ವಿಸ್ತೀರ್ಣ 14 ಚದರ ಮೀಟರ್ ಮೀರಿರಬಾರದು. ಹತ್ತು ಅಡಿ ಅಗಲ, ಹದಿನೈದು ಅಡಿ ಉದ್ದದ ಮಳಿಗೆ 13.94 ಚದರ ಮೀಟರ್ ಆಗುತ್ತದೆ. ಒಳ ಅಳತೆಯೇ ಇಷ್ಟಿದ್ದರೆ, ಗೋಡೆಗಳ ದಪ್ಪ ಸೇರಿದಾಗ ಅದು ಮಿತಿಯನ್ನು ದಾಟುತ್ತದೆ. ಈ ಅಧಿನಿಯಮದ ವ್ಯಾಪ್ತಿಗೆ ಬಾರದ ಮಳಿಗೆಗಳಿಗೆ ಸ್ವತ್ತು ವರ್ಗಾವಣೆ ಅಧಿನಿಯಮ, 1882 ಅನ್ವಯವಾಗುತ್ತದೆ.

ಈ ಅಧಿನಿಯಮದ 106ನೇ ಪ್ರಕರಣದಂತೆ, ಬೇರೆ ಕರಾರು ಇಲ್ಲದಿದ್ದಲ್ಲಿ, ಮಾಸಿಕ ಬಾಡಿಗೆಗೆ 15 ದಿನಗಳ ಹಾಗೂ ತಯಾರಿಕಾ ಉದ್ದೇಶದ ಬಾಡಿಗೆಗೆ ಆರು ತಿಂಗಳ ನೋಟಿಸು ಅಗತ್ಯ. ಆದರೆ ನೋಂದಣಿಯಾದ ಪತ್ರವಿಲ್ಲದೆ ಸಣ್ಣ ಉದ್ಯಮಿಗೆ ಆರು ತಿಂಗಳ ರಕ್ಷಣೆ ದೊರೆಯಲಾರದೆಂದು ಸರ್ವೋಚ್ಚ ನ್ಯಾಯಾಲಯವು 2001ರಲ್ಲಿ ತೀರ್ಮಾನಿಸಿದೆ. ನೋಂದಣಿ ಶುಲ್ಕವನ್ನು ಉಳಿಸಿದವರು ಗಮನಿಸಬೇಕಾದ ಅಂಶವಿದು.

ಬೀಗ ಜಡಿಯುವುದು ಪರಿಹಾರವಲ್ಲ

ನೋಟಿಸಿನ ಅವಧಿ ಮುಗಿದ ಮಾತ್ರಕ್ಕೆ ಮಾಲೀಕರು ಬೀಗ ಹಾಕುವಂತಿಲ್ಲ. ಕಾನೂನು ಕ್ರಮವಿಲ್ಲದೆ ಸ್ವಾಧೀನ ತಪ್ಪಿಸಲ್ಪಟ್ಟವರು, ನಿರ್ದಿಷ್ಟ ಪರಿಹಾರ ಅಧಿನಿಯಮ, 1963ರ 6ನೇ ಪ್ರಕರಣದಂತೆ ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನವನ್ನು ಮರಳಿ ಪಡೆಯಬಹುದು. ಬಾಡಿಗೆ ಬಾಕಿಯ ಕಾರಣದಿಂದಲೇ ಗುತ್ತಿಗೆ ರದ್ದಾಗಿದ್ದಲ್ಲಿ, ದಾವೆಯ ವಿಚಾರಣೆಯ ವೇಳೆ ಬಾಕಿ, ಬಡ್ಡಿ ಮತ್ತು ಖರ್ಚನ್ನು ಪಾವತಿಸುವ ಬಾಡಿಗೆದಾರನಿಗೆ 114ನೇ ಪ್ರಕರಣದಡಿ ರಿಯಾಯಿತಿ ನೀಡಲು ನ್ಯಾಯಾಲಯಕ್ಕೆ ಅಧಿಕಾರವಿದೆ.

ರಾಜಿಯ ಲೆಕ್ಕ

ಚನ್ನಗಿರಿ ತಾಲ್ಲೂಕಿನ ಕತ್ತಲಗೆರೆಯಲ್ಲಿ 200 ಚದರ ಅಡಿಯ ಒಂದು ಗೊಬ್ಬರದ ಅಂಗಡಿಯಿದೆಯೆಂದು ಉದಾಹರಣೆಗಾಗಿ ಭಾವಿಸಬಹುದು. ಮುಂಗಡ ರೂ. 50,000, ಮಾಸಿಕ ಬಾಡಿಗೆ ರೂ. 6,000, ಐದು ತಿಂಗಳ ಬಾಕಿ ರೂ. 30,000. ಮಗನ ವ್ಯಾಪಾರಕ್ಕಾಗಿ ಮಾಲೀಕರಿಗೆ ಮಳಿಗೆ ಬೇಕಾಗಿದೆ. ಬಾಡಿಗೆದಾರರಿಗೆ ಮುಂಗಾರಿನ ದಾಸ್ತಾನು ಮಾರಾಟವಾಗಬೇಕಾಗಿದೆ, ಹೊಸ ವಿಳಾಸಕ್ಕೆ ಪರವಾನಗಿಯ ಬದಲಾವಣೆಯೂ ಆಗಬೇಕಾಗಿದೆ. ಬಾಕಿಯನ್ನು ಮುಂಗಡದಲ್ಲಿ ಮುರಿದುಕೊಳ್ಳುವುದು, ಆರು ತಿಂಗಳ ಕಾಲಾವಕಾಶ ನೀಡಿ ಪ್ರತಿ ತಿಂಗಳ ಬಾಡಿಗೆಯನ್ನು ತಪ್ಪದೆ ಸಲ್ಲಿಸುವುದು, ಕೀಲಿ ಒಪ್ಪಿಸಿದ ದಿನವೇ ಉಳಿದ ರೂ. 20,000 ಹಿಂದಿರುಗಿಸುವುದು. ಇಷ್ಟರಲ್ಲಿ ಇಬ್ಬರ ಅಗತ್ಯವೂ ನೆರವೇರುತ್ತದೆ.

ಇಂತಹ ಒಪ್ಪಂದವು ಬಾಯಿಮಾತಿನಲ್ಲಿ ಉಳಿಯಬಾರದು. ದಾವೆಯಿದ್ದಲ್ಲಿ ಸಹಿ ಮಾಡಿದ ರಾಜಿ ಪತ್ರವನ್ನು ನ್ಯಾಯಾಲಯಕ್ಕೆ ಸಲ್ಲಿಸಿ ಡಿಕ್ರಿ ಪಡೆಯಬೇಕು. ದಾವೆ ಹೂಡುವ ಮುನ್ನವೇ ತಾಲ್ಲೂಕು ಕಾನೂನು ಸೇವಾ ಸಮಿತಿಯ ಮೂಲಕ ಲೋಕ ಅದಾಲತ್ತಿಗೂ ಹೋಗಬಹುದು. ಅದರ ತೀರ್ಪಿಗೆ ಸಿವಿಲ್ ಡಿಕ್ರಿಯ ಬಲವಿದ್ದು, ಅದರ ಮೇಲೆ ಅಪೀಲು ಇರುವುದಿಲ್ಲ.

ಮಧ್ಯಸ್ಥಿಕೆಯ ಮಾರ್ಗ

ಸ್ವತ್ತು ವರ್ಗಾವಣೆ ಅಧಿನಿಯಮಕ್ಕೆ ಒಳಪಟ್ಟ ಬಾಡಿಗೆ ವಿವಾದಗಳನ್ನು ಆರ್ಬಿಟ್ರೇಷನ್ ಮೂಲಕ ತೀರ್ಮಾನಿಸಬಹುದೆಂದು ವಿದ್ಯಾ ದ್ರೋಲಿಯಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 14-12-2020ರಂದು ಸ್ಪಷ್ಟಪಡಿಸಿತು. ಬಾಡಿಗೆ ನಿಯಂತ್ರಣ ಕಾನೂನಿನಡಿ ನಿರ್ದಿಷ್ಟ ನ್ಯಾಯಾಲಯಕ್ಕೆ ಒಪ್ಪಿಸಲಾದ ವಿವಾದಗಳಿಗೆ ಈ ಮಾರ್ಗವಿಲ್ಲ. ಇದಕ್ಕೆ ಲಿಖಿತ ಒಪ್ಪಂದ ಅವಶ್ಯ. ತೀರ್ಪಿನಲ್ಲಿ ಹಿತಾಸಕ್ತಿಯುಳ್ಳ ಪಕ್ಷಕಾರನು ತಾನೊಬ್ಬನೇ ಏಕಮಾತ್ರ ಮಧ್ಯಸ್ಥರನ್ನು ನೇಮಿಸಲು ಬಾರದೆಂಬುದು 2019ರ ಪರ್ಕಿನ್ಸ್ ಪ್ರಕರಣದ ಸಾರ. ಉಭಯತ್ರರನ್ನೂ ಸಮಾನವಾಗಿ ಕಾಣಬೇಕು, ವಾದ ಮಂಡಿಸಲು ಪೂರ್ಣ ಅವಕಾಶ ನೀಡಬೇಕು ಎಂದು 1996ರ ಅಧಿನಿಯಮದ 18ನೇ ಪ್ರಕರಣ ವಿಧಿಸುತ್ತದೆ. ಮಧ್ಯಸ್ಥರ ಶುಲ್ಕವನ್ನು ಮೊದಲೇ ನಿಗದಿಪಡಿಸದಿದ್ದರೆ, ಸಣ್ಣ ಮೊತ್ತದ ವಿವಾದದಲ್ಲಿ ಖರ್ಚೇ ಭಾರವಾದೀತು.

ಸಾರ್ವಜನಿಕ ಮಳಿಗೆಗಳು

ಸರ್ಕಾರ ಹಾಗೂ ಸ್ಥಳೀಯ ಸಂಸ್ಥೆಗಳ ಮಳಿಗೆಗಳ ತೆರವಿಗೆ ಕರ್ನಾಟಕ ಸಾರ್ವಜನಿಕ ಆವರಣಗಳ ಅಧಿನಿಯಮ, 1974 ಇದೆ. ಇಲ್ಲಿಯೂ ಕಾರಣ ಕೇಳುವ ನೋಟಿಸು ಮತ್ತು ವಿಚಾರಣೆ ಕಡ್ಡಾಯ. ಆದೇಶದ ವಿರುದ್ಧ ಜಿಲ್ಲಾ ನ್ಯಾಯಾಧೀಶರಲ್ಲಿ ಮೇಲ್ಮನವಿ ಸಲ್ಲಿಸಬಹುದು. ನೋಟಿಸನ್ನು ಸ್ವೀಕರಿಸದೆ ಹಿಂದಿರುಗಿಸುವವರು ತಮ್ಮ ವಾದ ಮಂಡಿಸುವ ಅವಕಾಶವನ್ನು ತಾವೇ ಕಳೆದುಕೊಳ್ಳುತ್ತಾರೆ.

ಲೆಕ್ಕಪತ್ರದ ಎಚ್ಚರಿಕೆ

1. ಬಾಡಿಗೆಯನ್ನು ಬ್ಯಾಂಕಿನ ಮೂಲಕವೇ ಸಲ್ಲಿಸಬೇಕು. ನಗದಾದಲ್ಲಿ ರಸೀತಿ ಇರಲೇಬೇಕು.

2. ಮುಂಗಡದ ಮೊತ್ತವು ಇಬ್ಬರ ಲೆಕ್ಕದಲ್ಲಿಯೂ ತಾಳೆಯಾಗಬೇಕು.

3. ಬಾಡಿಗೆ ಹಕ್ಕು ಬಿಟ್ಟುಕೊಡಲು ಪಡೆದ ಪರಿಹಾರವು ಸಾಮಾನ್ಯವಾಗಿ ಬಂಡವಾಳ ಲಾಭವಾಗಿ ತೆರಿಗೆಗೆ ಒಳಪಡುತ್ತದೆ.

4. ಸ್ಥಳಾಂತರವಾದ 15 ದಿನಗಳೊಳಗೆ ಜಿಎಸ್‌ಟಿ ನೋಂದಣಿಯಲ್ಲಿ ವಿಳಾಸ ತಿದ್ದುಪಡಿಗೆ ಅರ್ಜಿ ಸಲ್ಲಿಸಬೇಕು.

ವಿವಾದ ಹುಟ್ಟಿದ ಮೇಲೆ ದಾಖಲೆ ಹುಡುಕುವುದಕ್ಕಿಂತ, ಸ್ನೇಹವಿರುವಾಗಲೇ ಕರಾರು ಬರೆಸಿಕೊಳ್ಳುವುದು ಉಭಯತ್ರರಿಗೂ ಶ್ರೇಯಸ್ಕರ.