ತುಂಗಭದ್ರೆಯ ಗೇಟು, ಕ್ರಮಾನುಗತ ಪೂರ್ಣಾಂಕದ ಲೆಕ್ಕ

ಕೊಪ್ಪಳ ತಾಲ್ಲೂಕಿನ ಮುನಿರಾಬಾದ್ ಬಳಿಯ ತುಂಗಭದ್ರಾ ಜಲಾಶಯಕ್ಕೆ 33 ಕ್ರಸ್ಟ್ ಗೇಟುಗಳು. 2024ರ ಆಗಸ್ಟ್ 10ರ ರಾತ್ರಿ ಚೈನ್ ತುಂಡಾಗಿ ಕೊಚ್ಚಿಹೋದದ್ದು 19ನೆಯದು. ಪ್ರಚಲಿತ ವಿದ್ಯಮಾನಕ್ಕೆ ಇದು ನೆನಪಿರಲಿ, ಲೆಕ್ಕಕ್ಕೂ ಒದಗುತ್ತದೆ.

ಪ್ರಶ್ನೆ: ಅಕ್ಕಪಕ್ಕದ ಮೂರು ಗೇಟುಗಳ ಸಂಖ್ಯೆಗಳ ಮೊತ್ತ 57. ಅವು ಯಾವುವು?

ಮೊದಲ ಸಂಖ್ಯೆಯಿಂದ ಹೊರಟರೆ ಉತ್ತರ ಬರುತ್ತದೆ, ಸಮಯ ಹೋಗುತ್ತದೆ. ನಡುವಿನದನ್ನು ‘ನ’ ಎನ್ನಿ: (ನ–1)+ನ+(ನ+1)=3ನ. ಆದ್ದರಿಂದ ನ=19; ಗೇಟುಗಳು 18, 19, 20. ಮೊತ್ತ 58 ಎಂದು ಕೊಟ್ಟಿದ್ದರೆ ಉತ್ತರವೇ ಇಲ್ಲ, 3ರಿಂದ ಭಾಗವಾಗದು. ಎಲ್ಲ 33 ಸಂಖ್ಯೆಗಳ ಮೊತ್ತವೂ ಹೀಗೇ: ನಡುವಿನದು 17, 17×33=561.

ನಾಲ್ಕು ಸಂಖ್ಯೆಗಳಿದ್ದರೆ ನಡುವಿನದು ಸಿಗದು, ಸರಾಸರಿ ಹಿಡಿಯಿರಿ. ನಾಲ್ಕು ಕ್ರಮಾನುಗತ ಸಮಸಂಖ್ಯೆಗಳ ಮೊತ್ತ 100 ಆದರೆ ಸರಾಸರಿ 25. ಸಂಖ್ಯೆಗಳು 22, 24, 26, 28.

ಹೆಚ್ಚಿನವರು ಎಡವುವುದು ಗುಣಲಬ್ಧದಲ್ಲಿ. ಎರಡು ಕ್ರಮಾನುಗತ ಪೂರ್ಣಾಂಕಗಳ ಗುಣಲಬ್ಧ 342 ಎಂದರೆ 18, 19 ಮಾತ್ರವಲ್ಲ, –19, –18 ಕೂಡ ಸರಿ. ಗೇಟು ಎಂದರೆ ಋಣ ಉತ್ತರ ಬಿಡಬೇಕು, ‘ಪೂರ್ಣಾಂಕ’ ಎಂದಷ್ಟೇ ಇದ್ದರೆ ಬಿಡಬಾರದು.

ಜಿಕೆಗೆ: ಶ್ರೇಢಿಗಳ ಮೊತ್ತವನ್ನು ‘ಗಣಿತಸಾರಸಂಗ್ರಹ’ದಲ್ಲಿ ಚರ್ಚಿಸಿದ ಮಹಾವೀರಾಚಾರ್ಯ 9ನೇ ಶತಮಾನದವನು, ರಾಷ್ಟ್ರಕೂಟ ಅಮೋಘವರ್ಷನ ಕಾಲದವನು. ಅದೇ ಕಾಲದ ‘ಕವಿರಾಜಮಾರ್ಗ’ದಲ್ಲಿ ಕೊಪ್ಪಳದ ಹೆಸರು ಕೊಪಣ.